ಪ್ರತ್ಯಯ

ಹದಿನೇಳನೆಯ ಟೇಕು. ಗಾಳಿ ಮತ್ತೆ ಮೈಕಿನೊಳಗೆ ನುಗ್ಗಿತು.
ತುಪ್ಪಳದ ಟೊಪ್ಪಿ ತೊಡಿಸಿದರೂ ಅದಕ್ಕೆ ಲೆಕ್ಕವಿಲ್ಲ.
ಈ ಹುಲ್ಲುಬಯಲಿನ ಗಾಳಿ
ಯಾರ ಮಾತನ್ನೂ ಪೂರ್ತಿ ಮುಗಿಸಗೊಡುವುದಿಲ್ಲ.

ಉಷ್ಟೋಬೆ. ಸ್ಟೇಷನ್ನು ದಾಟಿದರೆ ಒಂದು ಬೋಳು ಗುಡ್ಡ.
ಕ್ಯಾಮೆರಾ ನನ್ನದೇ, ಕಾರು ಮಾರಿ ಕೊಂಡದ್ದು.
ಸೌಂಡಿಗೂ ನಾನೇ, ಲೈಟಿಗೂ ನಾನೇ.
ಹೊಟ್ಟೆಪಾಡಿಗೆ ಶನಿವಾರ ಶನಿವಾರ
ಅಲ್ಮಾಟಿಯಲ್ಲಿ ಯಾರದೋ ಮದುವೆಯ ವಿಡಿಯೋ:
ಅಲ್ಲಿ ಎಲ್ಲರಿಗೂ ಗೊತ್ತು, ಯಾರು ಯಾರ ಕಡೆಯವರು.

ಅಗ್ರಾಫೇನಾ ಅತ್ತೆ ಕ್ಯಾರೆಟ್ಟು ಹೆಚ್ಚುತ್ತಾಳೆ
ದಾರದಷ್ಟು ತೆಳ್ಳಗೆ, ಕಣ್ಣು ಬೇರೆಲ್ಲೋ.
'ಅತ್ತೆ, ನಿಮ್ಮ ಊರು ಯಾವುದು?
ಲೆನ್ಸು ನೋಡಬೇಡಿ, ನನ್ನ ಮುಖ ನೋಡಿ ಹೇಳಿ.'
'ಉಂಡೆಯಾ?'
'ಉಂಡೆ. ಊರು?'
'ಏನುಂಡೆ?'

ಎಲೆಕೋಸು ಸಿಗದ ನಾಡಿನಲ್ಲಿ ಅಮ್ಮಂದಿರು
ಕ್ಯಾರೆಟ್ಟಿಗೇ ಉಪ್ಪು, ಖಾರ, ಬೆಳ್ಳುಳ್ಳಿ ಹಚ್ಚಿದರು.
ಇಲ್ಲಿನ ಸಂತೆಯಲ್ಲಿ ಅದಕ್ಕೆ ಕೊರಿಯಾದ ಹೆಸರು.
ಕೊರಿಯಾದಲ್ಲಿ ಅದನ್ನು ತಿಂದವರಿಲ್ಲ.

ಫ್ರೇಮಿನಾಚೆಯಿಂದ ಪಕ್ಕದ ಮನೆಯ ಕುಲ್ಯಾಶ್:
'ಇವಳು ನಮ್ಮವಳೇ, ಅದರಲ್ಲಿ ಕೇಳುವುದೇನು?
ನಮ್ಮಜ್ಜಿ ಇವರ ಗುಂಡಿಯ ಬಾಯಿಗೆ ರೊಟ್ಟಿ ಇಟ್ಟು ಬರುತ್ತಿದ್ದಳು,
ಮೂವತ್ತೇಳರ ಚಳಿಗಾಲ…'
'ಮೂವತ್ತೆಂಟು' ಅನ್ನುತ್ತಾಳೆ ಅತ್ತೆ. 'ರೊಟ್ಟಿ ಅಲ್ಲ, ಮೊಸರಿನುಂಡೆ.
ಕಲ್ಲು ಅಂದುಕೊಂಡು ನಮ್ಮಪ್ಪ ಅದನ್ನು ಗೋಡೆಗೆ ಮೆತ್ತಿದ್ದ.'
ಇಬ್ಬರೂ ನಗುತ್ತಾರೆ. ಹಿಂದೆಲ್ಲೋ ಮೋಟರ್‌ಸೈಕಲ್ಲು, ಕುರಿ.
ಧ್ವನಿ ಕೆಟ್ಟಿದೆ. ಇದನ್ನು ಉಳಿಸಿಕೊಳ್ಳುತ್ತೇನೆ.

ಆಮೇಲೆ, ಟೇಪು ಓಡುತ್ತಿದೆ ಎನ್ನುವುದೇ ಮರೆತವಳಂತೆ:
'ದನದ ಬೋಗಿಯಲ್ಲಿ ಹೆತ್ತಳು ನನ್ನ.
ನಾನು ಹುಟ್ಟುವಾಗ ಊರು ಓಡುತ್ತಿತ್ತು.
ಯಾವುದನ್ನು ಬರೆಸಲಿ? ಇಳಿದ ಸ್ಟೇಷನ್ನಿನ ಹೆಸರು ಬರೆಸಿದರು.'
ಉಪ್ಪಿನ ಕೈ ಒರೆಸಿಕೊಂಡು ಮತ್ತೆ ಹೆಚ್ಚತೊಡಗಿದಳು.

ಸೋಲ್‌ನಲ್ಲಿ ಅರ್ಧ ಗಂಟೆಯ ಕರಡು ತೋರಿಸಿದ್ದೆ ಒಮ್ಮೆ.
ಕತ್ತಲ ಕೋಣೆ, ಇಪ್ಪತ್ತು ಜನ, ಒಳ್ಳೆಯ ಕಾಫಿ.
ಅತ್ತೆ ಕೊರಿಯನ್ ಮಾತಾಡುತ್ತಿದ್ದಾಳೆ,
ಕೆಳಗೆ ಕೊರಿಯನ್‌ನಲ್ಲೇ ಸಬ್‌ಟೈಟಲ್ಲು.
ಒಬ್ಬ ಹುಡುಗ ವಿನಯದಿಂದ ಕೈ ಎತ್ತಿದ:
'ಅಜ್ಜಿಯದು ಯಾವ ಭಾಷೆ?'
ನನ್ನ ಉತ್ತರ ಅವನಿಗೆ ತಿಳಿಯಲಿಲ್ಲ.
ನಾನು ರಷ್ಯನ್ನಿನಲ್ಲಿ ಹೇಳಿದ್ದೆ.

ನನ್ನ ಹೆಸರು ವೆರೋನಿಕಾ ಯುಗಾಯ್.
ಯುಗಾಯ್ ಎಂಬ ಮನೆತನ ಭೂಮಿಯಲ್ಲಿ ಎಲ್ಲೂ ಇರಲಿಲ್ಲವಂತೆ.
ಗಡಿ ದಾಟಿ ಬಂದ ಮುತ್ತಜ್ಜನನ್ನು
ಗುಮಾಸ್ತ ತಲೆ ಎತ್ತದೆ ಕೇಳಿದ, 'ಹೆಸರು?'
'ಯು-ಗಾ…' ಎಂದು ಶುರುಮಾಡಿದ ಅವನು.
ಯು ಮನೆತನ. ಗಾ ಬರಿಯ ಪ್ರತ್ಯಯ,
ಕರ್ತೃವಿನ ಬೆನ್ನಿಗೆ ಅಂಟುವ ಪ್ರಥಮಾ ವಿಭಕ್ತಿ.
ಯು ಎಂಬವನು ಏನೋ ಹೇಳಹೊರಟಿದ್ದ:
ದಣಿದಿದ್ದಾನೆ ಎಂದೋ, ಉಳಬಲ್ಲ ಎಂದೋ,
ಯು ಎಂಬವನು ವಾಪಸು ಹೋಗುತ್ತಾನೆ ಎಂದೋ.
ಕ್ರಿಯಾಪದ ಬಾಯಿಗೆ ಬರುವ ಮೊದಲೇ
ಠಸ್ಸೆ ಬಿತ್ತು. ಮುಂದಿನವನು.

ಮೂರು ತಲೆಮಾರು ಆ ಅರ್ಧ ವಾಕ್ಯವನ್ನೇ
ಪಾಸ್‌ಪೋರ್ಟಿನಲ್ಲಿ, ಗೋರಿಕಲ್ಲಿನಲ್ಲಿ ಕೆತ್ತಿಸಿಕೊಂಡೆವು.

ಬ್ಯಾಟರಿ ಕೊನೆಯ ಗೆರೆಯಲ್ಲಿದ್ದಾಗ ಅತ್ತೆ ಅಂದಳು,
'ಕೊಡು ಇಲ್ಲಿ ಅದನ್ನ. ನೀನು ಅಲ್ಲಿ ಕೂತುಕೋ.'
ಆ ಶಾಟು ಹೀಗಿದೆ: ದಿಗಂತ ವಾಲಿದೆ,
ಗಾಜಿನ ಮೇಲೆ ಹೆಬ್ಬೆರಳಿನ ಉಪ್ಪು, ಖಾರದ ಕಲೆ,
ಫೋಕಸ್ಸು ನನ್ನ ಹಿಂದಿನ ಬಕೀಟಿನ ಮೇಲೆ.
'ಹೇಳು' ಅನ್ನುತ್ತದೆ ಅವಳ ಧ್ವನಿ, ಹತ್ತಿರದಿಂದ.
'ಏನು ಹೇಳಲಿ?'
'ನೀನೇ ತಾನೆ ದಿನವೂ ಕೇಳುವವಳು. ಹೆಸರು ಹೇಳು, ಆಮೇಲೆ ಏನು ಅಂತ ಹೇಳು.'
'ಯು-ಗಾ…' ಎನ್ನುತ್ತಿದ್ದೇನೆ ನಾನು,
ಗಾಳಿ ಬರುತ್ತದೆ,
ಕೂದಲು ಮುಖಕ್ಕೆ ಅಡ್ಡ ಬೀಳುತ್ತದೆ,
ಬಾಯಿ ಇನ್ನೂ ತೆರೆದೇ ಇದೆ.